ಹದಿಮೂರಕ್ಕೆ ತಡವಾಯಿತಾ? ಅರವತ್ತೊಂದಕ್ಕೆ?

ಪ್ರಶ್ನೆ: ನನ್ನ ಮಗಳಿಗೆ 13 ವರ್ಷ. ಚೆಸ್ ಕಲಿತದ್ದು ಹತ್ತನೇ ವಯಸ್ಸಿನಲ್ಲಿ. ಈಗ ರೇಟಿಂಗ್ (ಆಟಗಾರರ ಬಲ ಅಳೆಯುವ ಅಂಕ) 1520. ಟೂರ್ನಿಗೆ ಹೋದಾಗಲೆಲ್ಲ ಬೇರೆ ಪೋಷಕರು, 'ಹನ್ನೆರಡಕ್ಕೇ ಗ್ರ್ಯಾಂಡ್‌ಮಾಸ್ಟರ್ ಆಗುವ ಕಾಲ ಇದು, ಇನ್ನು ಕಷ್ಟ' ಅನ್ನುತ್ತಾರೆ. ಅದನ್ನು ಕೇಳಿ ಅವಳು ಸಪ್ಪಗಾಗುತ್ತಾಳೆ. ನಿಜಕ್ಕೂ ತಡವಾಯಿತಾ?
– ಒಬ್ಬ ತಾಯಿ, ದಾವಣಗೆರೆ

ಉತ್ತರ: ಆ 'ಹನ್ನೆರಡರ' ಮಾತು ಎಲ್ಲಿಂದ ಬಂತು ಅಂತ ಮೊದಲು ನೋಡೋಣ. 2002ರಲ್ಲಿ ಸೆರ್ಗೆಯ್ ಕರ್ಯಾಕಿನ್ 12 ವರ್ಷ 7 ತಿಂಗಳಿಗೆ ಚೆಸ್‌ನ ದೊಡ್ಡ ಬಿರುದಾದ ಗ್ರ್ಯಾಂಡ್‌ಮಾಸ್ಟರ್ ಪಡೆದ. ಅಷ್ಟು ಚಿಕ್ಕ ವಯಸ್ಸಿಗೆ ಅಲ್ಲಿಯವರೆಗೆ ಯಾರೂ ಪಡೆದಿರಲಿಲ್ಲ. 2019ರಲ್ಲಿ ಚೆನ್ನೈನ ಹುಡುಗ ಗುಕೇಶ್ ಆ ದಾಖಲೆಯ ಹತ್ತಿರಕ್ಕೆ ಬಂದು ಕೇವಲ 17 ದಿನದಿಂದ ತಪ್ಪಿಸಿಕೊಂಡ. ಆಗ ಅದು ದೊಡ್ಡ ಸುದ್ದಿ. ಈಗ ಆ 17 ದಿನ ಯಾರಿಗೆ ನೆನಪಿದೆ ಹೇಳಿ? ದಾಖಲೆ ಮಾಡಿದ್ದ ಕರ್ಯಾಕಿನ್ 2016ರಲ್ಲಿ ಆಗಿನ ವಿಶ್ವ ಚಾಂಪಿಯನ್ ಕಾರ್ಲ್‌ಸನ್ ಎದುರು ವಿಶ್ವ ಪಟ್ಟಕ್ಕೆ ಆಡಿ ಟೈಬ್ರೇಕ್‌ನಲ್ಲಿ ಸೋತ. ದಾಖಲೆ ತಪ್ಪಿಸಿಕೊಂಡ ಗುಕೇಶ್ 2024ರ ಡಿಸೆಂಬರ್‌ನಲ್ಲಿ, 18ನೇ ವಯಸ್ಸಿಗೆ, ವಿಶ್ವ ಚಾಂಪಿಯನ್ ಆದ. ಬಿರುದು ಎಷ್ಟು ಬೇಗ ಬಂತು ಅನ್ನುವುದಕ್ಕಿಂತ, ಬಂದ ಮೇಲೆ ಏನು ಮಾಡಿದರು ಅನ್ನುವುದನ್ನೇ ನಾನು ಮಕ್ಕಳಿಗೆ ತೋರಿಸುತ್ತೇನೆ.

ವಿಶ್ವನಾಥನ್ ಆನಂದ್ ಅವರನ್ನೇ ನೋಡಿ. ಆರನೇ ವಯಸ್ಸಿಗೆ ಅಮ್ಮನಿಂದ ಆಟ ಕಲಿತವರು. ಭಾರತದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದದ್ದು 1988ರಲ್ಲಿ, ಅವರಿಗೆ 18 ತುಂಬಿದ ಮೇಲೆ. ಈಗಿನ ಪೋಷಕರ ಲೆಕ್ಕದಲ್ಲಿ ಅದು ಬಹಳ ತಡ! ಅಲ್ಲಿಂದ ಮುಂದೆ ಐದು ಸಲ ವಿಶ್ವ ಪಟ್ಟ ಗೆದ್ದರು. 2017ರಲ್ಲಿ, 48ನೇ ವಯಸ್ಸಿನಲ್ಲಿ, ರಿಯಾದ್‌ನಲ್ಲಿ ವಿಶ್ವ ರ‍್ಯಾಪಿಡ್ (ಕಡಿಮೆ ಸಮಯದ ವೇಗದ ಆಟ) ಚಾಂಪಿಯನ್ ಆದರು. ಆ ಟೂರ್ನಿಯಲ್ಲಿ ಕಾರ್ಲ್‌ಸನ್ ಅವರನ್ನೂ ಸೋಲಿಸಿದ್ದರು.

ನಿಮ್ಮ ಮಗಳಿಗೆ ಇನ್ನೂ ಹತ್ತಿರದ ಕಥೆ ಕೊನೇರು ಹಂಪಿ ಅವರದು. 2002ರಲ್ಲಿ 15ನೇ ವಯಸ್ಸಿಗೆ ಗ್ರ್ಯಾಂಡ್‌ಮಾಸ್ಟರ್. ಆಮೇಲೆ ಮದುವೆ, ಮಗು, ಸುಮಾರು ಎರಡು ವರ್ಷ ಆಟದಿಂದ ದೂರ. ಮುಗಿಯಿತು ಅಂದುಕೊಂಡವರು ಇದ್ದಿರಬಹುದು. ವಾಪಸ್ ಬಂದವರು 2019ರಲ್ಲಿ ಮಹಿಳಾ ವಿಶ್ವ ರ‍್ಯಾಪಿಡ್ ಗೆದ್ದರು. 2024ರಲ್ಲಿ ನ್ಯೂಯಾರ್ಕ್‌ನಲ್ಲಿ ಅದನ್ನೇ ಮತ್ತೆ ಗೆದ್ದಾಗ ಅವರಿಗೆ 37.

ನಮ್ಮ ರಾಜ್ಯದ ಉದಾಹರಣೆ ಹೇಳದೆ ಇರಲಾರೆ. ಕರ್ನಾಟಕಕ್ಕೆ ಮೊದಲ ಗ್ರ್ಯಾಂಡ್‌ಮಾಸ್ಟರ್ ಸಿಕ್ಕಿದ್ದು 2017ರಲ್ಲಿ. ಮೈಸೂರಿನ ಎಂ.ಎಸ್. ತೇಜ್‌ಕುಮಾರ್. ರೈಲ್ವೆಯಲ್ಲಿ ಕೆಲಸ. ಬಿರುದು ಬಂದಾಗ ವಯಸ್ಸು ಮೂವತ್ತೈದರ ಆಸುಪಾಸು. ನೌಕರಿ ಮಾಡುತ್ತಾ, ರಜೆ ಹೊಂದಿಸಿಕೊಳ್ಳುತ್ತಾ ಅಷ್ಟು ವರ್ಷ ಆ ಬಿರುದಿನ ಹಿಂದೆ ಬೀಳಬೇಕಾದರೆ ಆಟದ ಮೇಲೆ ಎಂಥ ಪ್ರೀತಿ ಇರಬೇಕು! ಶಿವಮೊಗ್ಗದ ಸ್ಟ್ಯಾನಿ, ಮೈಸೂರಿನವರೇ ಆದ ಗಿರೀಶ್ ಕೌಶಿಕ್ ಬಂದದ್ದು ಅವರ ನಂತರ.

ಆದರೆ ನಿಮಗೆ ಸುಳ್ಳು ಭರವಸೆ ಕೊಡುವುದಿಲ್ಲ. ಇವತ್ತು ಜಗತ್ತಿನ ಮೊದಲ ಹತ್ತು ಸ್ಥಾನದಲ್ಲಿ ಇರುವವರು ಹೆಚ್ಚಾಗಿ ಐದಾರು, ಏಳು ವರ್ಷಕ್ಕೇ ಆಟ ಹಿಡಿದವರು. ಆ ಜಾಗ ನಿಮ್ಮ ಮಗಳಿಗೆ ತುಂಬಾ ಕಷ್ಟ. ಗ್ರ್ಯಾಂಡ್‌ಮಾಸ್ಟರ್ ಬಿರುದೂ ಸುಲಭವಲ್ಲ. ಆದರೆ ಅದರ ಬಾಗಿಲು ಹದಿಮೂರಕ್ಕೆ ಮುಚ್ಚುವುದಿಲ್ಲ. ಮೂರೇ ವರ್ಷದಲ್ಲಿ 1520 ಅಂದರೆ ಅವಳು ಚೆನ್ನಾಗಿಯೇ ಕಲಿಯುತ್ತಿದ್ದಾಳೆ.

ಒಂದು ಸಲಹೆ. ಈ ವಯಸ್ಸಿನ ಮಕ್ಕಳು ಓಪನಿಂಗ್ (ಆಟದ ಆರಂಭದ ನಡೆಗಳು) ಬಾಯಿಪಾಠ ಮಾಡುವುದರಲ್ಲೇ ಜಾಸ್ತಿ ಹೊತ್ತು ಕಳೆಯುತ್ತಾರೆ. ಅವಳಿಗೆ ಎಂಡ್‌ಗೇಮ್, ಅಂದರೆ ಕೆಲವೇ ಕಾಯಿ ಉಳಿದ ಕೊನೆಯ ಹಂತದ ಆಟ, ಕಲಿಸಿ. 2024ರ ವಿಶ್ವ ಪಟ್ಟಕ್ಕಾಗಿ ಸಿಂಗಪುರದಲ್ಲಿ ಗುಕೇಶ್ ಮತ್ತು ಆಗಿನ ಚಾಂಪಿಯನ್ ಡಿಂಗ್ ಲಿರೆನ್ ಆಡಿದ ಕೊನೆಯ, 14ನೇ ಆಟವನ್ನು ಅವಳ ಜೊತೆ ಕೂತು ನೋಡಿ. ಅಲ್ಲಿಯವರೆಗೆ ಇಬ್ಬರಿಗೂ ಆರೂವರೆ ಅಂಕ. ಆ ಆಟವೂ ಡ್ರಾ ಕಡೆಗೇ ಹೋಗುತ್ತಿತ್ತು. ಗುಕೇಶ್‌ಗೆ ಒಂದೇ ಒಂದು ಕಾಲಾಳು ಹೆಚ್ಚಿತ್ತು, ಅಷ್ಟೇ. ಆದರೂ ಡ್ರಾಗೆ ಒಪ್ಪದೆ ಒತ್ತುತ್ತಲೇ ಹೋದ. 55ನೇ ನಡೆಯಲ್ಲಿ ಡಿಂಗ್ ಆನೆಯನ್ನು ತಪ್ಪು ಮನೆಗೆ ಇಟ್ಟರು. ಆನೆಗೆ ಆನೆ ಹೋದರೆ, ಅದರ ಬೆನ್ನಿಗೇ ಒಂಟೆಗೆ ಒಂಟೆಯೂ ಹೋಗುತ್ತದೆ. ಉಳಿಯುವುದು ರಾಜ ಮತ್ತು ಕಾಲಾಳುಗಳ ಎಂಡ್‌ಗೇಮ್. ಅದು ಗುಕೇಶ್‌ಗೆ ಸಲೀಸಾದ ಗೆಲುವು. ಮೂರು ನಡೆಯಲ್ಲಿ ಡಿಂಗ್ ಸೋಲೊಪ್ಪಿದರು. ಆ ಕೊನೆಯ ಸ್ಥಿತಿ ಯಾಕೆ ಗೆಲುವು ಅನ್ನುವುದನ್ನು ನಿಮ್ಮ ಮಗಳು ಈಗಲೇ ಅರ್ಥ ಮಾಡಿಕೊಳ್ಳಬಲ್ಲಳು. ನಿಮಗೇ ವಿವರಿಸಿ ಹೇಳು ಅಂತ ಅವಳನ್ನು ಕೇಳಿ.

ಪ್ರಶ್ನೆ: ಗ್ರ್ಯಾಂಡ್‌ಮಾಸ್ಟರ್ ಆಗಲು ಮೂರು ನಾರ್ಮ್ ಬೇಕು ಅಂತಾರೆ. ದಿವ್ಯಾ ದೇಶಮುಖ್‌ಗೆ ಒಂದೂ ಇರಲಿಲ್ಲವಂತೆ. ಹಾಗಾದರೆ ಬಿರುದು ಹೇಗೆ ಸಿಕ್ಕಿತು?
– ಪಿಯುಸಿ ವಿದ್ಯಾರ್ಥಿ, ಹಾಸನ

ಉತ್ತರ: ಸಾಮಾನ್ಯ ದಾರಿ ನೀವು ಹೇಳಿದ್ದೇ. ಬಲವಾದ ಟೂರ್ನಿಯಲ್ಲಿ 2600 ರೇಟಿಂಗ್‌ನವರ ಮಟ್ಟದಲ್ಲಿ ಆಡಿದರೆ ಒಂದು ನಾರ್ಮ್. ಅಂಥವು ಮೂರು, ಒಟ್ಟು 27 ಆಟಗಳಾದರೂ ಆಗಬೇಕು. ಜೊತೆಗೆ ಒಮ್ಮೆಯಾದರೂ ರೇಟಿಂಗ್ 2500 ಮುಟ್ಟಬೇಕು. ಆದರೆ ಕೆಲವು ದೊಡ್ಡ ಟೂರ್ನಿ ಗೆದ್ದರೆ ನೇರವಾಗಿ ಬಿರುದು ಕೊಡುವ ನಿಯಮವೂ ಇದೆ. ಮಹಿಳಾ ವಿಶ್ವಕಪ್ ಅಂಥದ್ದು. 2025ರ ಜುಲೈನಲ್ಲಿ ಜಾರ್ಜಿಯಾದ ಬಟುಮಿಯಲ್ಲಿ ದಿವ್ಯಾ ಅದನ್ನು ಗೆದ್ದು ಭಾರತದ 88ನೇ ಗ್ರ್ಯಾಂಡ್‌ಮಾಸ್ಟರ್ ಆದಳು. ಆಗ ಅವಳಿಗೆ 19. ಫೈನಲ್‌ನಲ್ಲಿ ಎದುರಿಗೆ ಕೂತಿದ್ದವರು ಮೇಲೆ ಹೇಳಿದ ಹಂಪಿ ಅವರೇ!

ಪ್ರಶ್ನೆ: ಬ್ಯಾಂಕಿನಿಂದ ನಿವೃತ್ತನಾಗಿದ್ದೇನೆ, ವಯಸ್ಸು 61. ಚಿಕ್ಕಂದಿನಲ್ಲಿ ಆಡುತ್ತಿದ್ದೆ. ಈಗ ಮತ್ತೆ ಟೂರ್ನಿಗೆ ಇಳಿಯಬೇಕು ಅನ್ನಿಸುತ್ತಿದೆ. ಮನೆಯವರು ನಗುತ್ತಾರೆ.
– ಓದುಗರು, ಧಾರವಾಡ

ಉತ್ತರ: ಇಳಿಯಿರಿ ಸರ್, ಖಂಡಿತ ಇಳಿಯಿರಿ. ರಷ್ಯಾದ ವಸಿಲಿ ಸ್ಮಿಸ್ಲೊವ್ 1957ರಲ್ಲಿ ವಿಶ್ವ ಚಾಂಪಿಯನ್ ಆಗಿ, ಮರುವರ್ಷವೇ ಪಟ್ಟ ಕಳೆದುಕೊಂಡರು. ಒಳ್ಳೆಯ ಗಾಯಕರೂ ಹೌದು. ಬೊಲ್ಶೊಯ್ ರಂಗಮಂದಿರಕ್ಕೆ ಹಾಡುಗಾರನಾಗಿ ಸೇರಲು ಪ್ರಯತ್ನಿಸಿದ್ದರು. ಇಪ್ಪತ್ತೈದು ವರ್ಷ ಕಳೆದ ಮೇಲೆ, ಯಾರೂ ಎಣಿಸಿರದ ಹೊತ್ತಿನಲ್ಲಿ, ವಿಶ್ವ ಪಟ್ಟದ ಅರ್ಹತಾ ಪಂದ್ಯಗಳಲ್ಲಿ ಒಬ್ಬೊಬ್ಬರನ್ನೇ ದಾಟಿ ಬಂದರು. ಒಂದು ಪಂದ್ಯ ಸಮಸಮವಾಗಿ, ರೂಲೆಟ್ ಚಕ್ರ ತಿರುಗಿಸಿ ಗೆದ್ದವರನ್ನು ಆರಿಸಬೇಕಾಯಿತು. ಚಕ್ರ ಸ್ಮಿಸ್ಲೊವ್ ಕಡೆ ನಿಂತಿತು. 1984ರಲ್ಲಿ ಆ ಅರ್ಹತಾ ಪಂದ್ಯಗಳ ಫೈನಲ್‌ನಲ್ಲಿ ಇಪ್ಪತ್ತರ ಕಾಸ್ಪರೋವ್ ಎದುರು ಸೋತರು. ಆ ಪಂದ್ಯದ ನಡುವೆಯೇ ಅವರಿಗೆ 63 ತುಂಬಿತು. 1991ರಲ್ಲಿ ಮೊದಲ ವಿಶ್ವ ಹಿರಿಯರ ಚಾಂಪಿಯನ್‌ಷಿಪ್ ಗೆದ್ದವರೂ ಅವರೇ. ಈಗ ಅದರಲ್ಲಿ 50 ದಾಟಿದವರಿಗೆ, 65 ದಾಟಿದವರಿಗೆ ಬೇರೆ ಬೇರೆ ವಿಭಾಗ ಇದೆ.

ವಿಕ್ಟರ್ ಕೊರ್ಚ್‌ನಾಯ್ ಇನ್ನೂ ಗಟ್ಟಿ ಮನುಷ್ಯ. 1978 ಮತ್ತು 1981ರಲ್ಲಿ ಕಾರ್ಪೊವ್ ಎದುರು ವಿಶ್ವ ಪಟ್ಟಕ್ಕೆ ಆಡಿ ಎರಡೂ ಸಲ ಸೋತರು. ಆಟ ಮಾತ್ರ ಬಿಡಲಿಲ್ಲ. 2011ರಲ್ಲಿ ಜಿಬ್ರಾಲ್ಟರ್‌ನಲ್ಲಿ ಕಪ್ಪು ಕಾಯಿಯಲ್ಲಿ 18ರ ಫ್ಯಾಬಿಯಾನೊ ಕರುವಾನನನ್ನು ಸೋಲಿಸಿದಾಗ ಅವರಿಗೆ 79. ಅದೇ ವರ್ಷ 80 ತುಂಬಿದ ಮೇಲೆ ಸ್ವಿಸ್ ರಾಷ್ಟ್ರೀಯ ಚಾಂಪಿಯನ್ ಆದರು.

ಒಂದು ಮಾತು ನೆನಪಿರಲಿ. ಗಂಟೆಗಟ್ಟಲೆ ಕೂತು ಲೆಕ್ಕ ಹಾಕುವುದು ಈ ವಯಸ್ಸಿನಲ್ಲಿ ದಣಿಸುತ್ತದೆ. ದಿನಕ್ಕೆ ಎರಡು ಮೂರು ಆಟ ಇರುವ ಟೂರ್ನಿ ಬೇಡ. ದಿನಕ್ಕೊಂದೇ ಆಟ ಇರುವುದನ್ನು ಆರಿಸಿಕೊಳ್ಳಿ. ಮೊದಲ ಟೂರ್ನಿಯಲ್ಲಿ ಎದುರಿಗೆ ಒಂಬತ್ತು ವರ್ಷದ ಪುಟಾಣಿ ಬಂದು ಕೂತರೆ ಗಾಬರಿಯಾಗಬೇಡಿ. ಆಟ ಮುಗಿದ ಮೇಲೆ ಆ ಮಗುವಿನ ಜೊತೆಗೇ ಕೂತು ನಡೆಗಳನ್ನು ಮತ್ತೊಮ್ಮೆ ನೋಡಿ.