ಮೊಟ್ಸಾರ್ಟ್ ಕುರಿತ ‘ಅಮೆಡಿಯಸ್’ 8 ಆಸ್ಕರ್ ಗೆದ್ದರೂ ಸಂಗೀತಕ್ಕೆ ಒಂದೂ ಬರಲಿಲ್ಲ, ಯಾಕೆ?

ಯಾಕೆಂದರೆ ಅದರ ಸಂಗೀತ ಸಿನಿಮಾಗಾಗಿ ಹುಟ್ಟಿದ್ದಲ್ಲ. ಹಿನ್ನೆಲೆ ಸಂಗೀತದ ಆಸ್ಕರ್ ಕೊಡುವುದು ಆ ಚಿತ್ರಕ್ಕಾಗಿಯೇ ಹೊಸದಾಗಿ ಬರೆದ ಸಂಗೀತಕ್ಕೆ. ಇಲ್ಲಿ ಕೇಳುವುದು ಬಹುಪಾಲು ಮೊಟ್ಸಾರ್ಟ್ ಬರೆದದ್ದು. ಅವನು ತೀರಿಕೊಂಡದ್ದು 1791ರಲ್ಲಿ, ಚಿತ್ರ ಬಂದದ್ದು 1984ರಲ್ಲಿ. ಆ ವರ್ಷ ಈ ಪ್ರಶಸ್ತಿ ಗೆದ್ದ ಸಂಗೀತ ಸಂಯೋಜಕ ಮೊರೀಸ್ ಜಾರ್, ಮೊಟ್ಸಾರ್ಟ್ ಸ್ಪರ್ಧೆಯಲ್ಲಿ ಇಲ್ಲದ್ದು ತನ್ನ ಅದೃಷ್ಟ ಎಂದು ವೇದಿಕೆಯಲ್ಲೇ ಹೇಳಿದರು.

ಹಾಗಂತ ಸಂಗೀತಕ್ಕೆ ಬೆಲೆಯೇ ಸಿಗಲಿಲ್ಲ ಅನ್ನುವಂತಿಲ್ಲ. ಗೆದ್ದ 8ರಲ್ಲಿ ಧ್ವನಿಗ್ರಹಣದ ಪ್ರಶಸ್ತಿಯೂ ಇದೆ. ಕೊನೆಯಲ್ಲಿ ಬರುವ ‘ರಿಕ್ವಿಯಂ’ (ತೀರಿಕೊಂಡವರಿಗಾಗಿ ಹಾಡುವ ಪ್ರಾರ್ಥನಾ ಸಂಗೀತ) ದೃಶ್ಯ ನೋಡಿ. ಹಾಸಿಗೆ ಹಿಡಿದ ಮೊಟ್ಸಾರ್ಟ್ ಹೇಳುತ್ತಾ ಹೋಗುತ್ತಾನೆ, ಚಿತ್ರದಲ್ಲಿ ಅವನ ಪ್ರತಿಸ್ಪರ್ಧಿಯಾದ ಸಂಗೀತಗಾರ ಸಾಲಿಯೇರಿ ಅವಸರದಲ್ಲಿ ಬರೆದುಕೊಳ್ಳುತ್ತಾನೆ. ಮೊದಲು ಒಂದು ದನಿ, ಆಮೇಲೆ ಇನ್ನೊಂದು, ಜೊತೆಗೆ ವಾದ್ಯಗಳು. ಕೊನೆಗೆ ಎಲ್ಲವೂ ಒಟ್ಟಾಗಿ ಮೊಳಗುತ್ತವೆ. ಸಂಗೀತ ಕಲಿಯದವರಿಗೂ ಅದು ಹೇಗೆ ಕಟ್ಟಿಕೊಳ್ಳುತ್ತದೆ ಅಂತ ಕಿವಿಯಲ್ಲೇ ತಿಳಿದುಬಿಡುತ್ತದೆ. ನನಗಂತೂ ಇಡೀ ಚಿತ್ರದಲ್ಲಿ ಇದೇ ಜಾಸ್ತಿ ಇಷ್ಟ.

ಉಳಿದ ಏಳು ಆಸ್ಕರ್‌ಗಳು ಅತ್ಯುತ್ತಮ ಚಿತ್ರ, ನಿರ್ದೇಶನ (ಮಿಲೋಶ್ ಫೋರ್ಮನ್), ಚಿತ್ರಕಥೆ, ಕಲಾ ನಿರ್ದೇಶನ, ವಸ್ತ್ರ ವಿನ್ಯಾಸ, ಮೇಕಪ್ ಮತ್ತು ನಟ. ನಟನ ಪ್ರಶಸ್ತಿಗೆ ಇಬ್ಬರು ನಾಯಕರೂ ನಾಮನಿರ್ದೇಶನಗೊಂಡಿದ್ದರು. ಗೆದ್ದದ್ದು ಮೊಟ್ಸಾರ್ಟ್ ಆಗಿದ್ದ ಟಾಮ್ ಹಲ್ಸ್ ಅಲ್ಲ, ಸಾಲಿಯೇರಿ ಆಗಿದ್ದ ಎಫ್. ಮರ್ರಿ ಅಬ್ರಹಾಂ. ಕಥೆ ಹೇಳುವವನು ಅವನೇ ಅಲ್ವಾ!

ಇನ್ನು ಚಿತ್ರದ ಸಂಗೀತದ ಆಲ್ಬಂ. ಅದರಲ್ಲಿ ವಾದ್ಯವೃಂದವನ್ನು ನಡೆಸಿಕೊಟ್ಟವರು ನೆವಿಲ್ ಮ್ಯಾರಿನರ್. 1985ರಲ್ಲಿ ಅದಕ್ಕೆ ಅತ್ಯುತ್ತಮ ಶಾಸ್ತ್ರೀಯ ಆಲ್ಬಂ ಎಂದು ಗ್ರ್ಯಾಮಿ (ಧ್ವನಿಮುದ್ರಿತ ಸಂಗೀತಕ್ಕೆ ಕೊಡುವ ಪ್ರಶಸ್ತಿ) ಬಂತು. ಅಲ್ಲಿ ಹಳೆಯ ಕೃತಿಯನ್ನು ಹೊಸದಾಗಿ ನುಡಿಸಿದ್ದಕ್ಕೂ ಬಹುಮಾನವಿದೆ.