ಕೋನ್ ಶಂಖ: ಯಾವ ತುದಿಯಿಂದ ಹಿಡಿದರೆ ಕ್ಷೇಮ?

ಪ್ರಶ್ನೆ: ರಜೆಗೆ ಲಕ್ಷದ್ವೀಪಕ್ಕೆ ಹೊರಟಿದ್ದೇವೆ. ಮಲ್ಪೆಯಲ್ಲಿ ಚಿಪ್ಪು ಹೆಕ್ಕಿ ನಮ್ಮ ಮಕ್ಕಳಿಗೆ ರೂಢಿ. ಅಲ್ಲಿ ವಿಷದ ಶಂಖ ಇದೆಯಂತೆ, ಅಗಲ ತುದಿಯಿಂದ ಹಿಡಿದರೆ ಏನೂ ಆಗದಂತೆ. ನಿಜವೇ? ಚುಚ್ಚಿದರೆ ಏನು ಮಾಡಬೇಕು?
– ಓದುಗರು, ಉಡುಪಿ

ಉತ್ತರ: ವಿಷದ ಶಂಖ ಇರುವುದು ನಿಜ, ಅಗಲ ತುದಿಯ ಮಾತು ಸುಳ್ಳು. ಆ ಮಾತನ್ನು ನಂಬಿ ಮಕ್ಕಳ ಕೈಗೆ ಖಂಡಿತ ಕೊಡಬೇಡಿ. ಕೋನ್ ಶಂಖದ ಹುಳು ಕಿರಿದಾದ ತುದಿಯಿಂದ ಸೊಂಡಿಲು ಚಾಚುತ್ತದೆ. ಅದು ಹಿಗ್ಗಿ, ಬಾಗಿ, ಚಿಪ್ಪಿನ ಮೇಲಿಂದ ಹಿಂದಕ್ಕೂ ಬರಬಲ್ಲದು. ಜೀವ ಇರುವ ಕೋನ್ ಶಂಖಕ್ಕೆ ಕ್ಷೇಮದ ತುದಿ ಎಂಬುದೇ ಇಲ್ಲ.

ಈ ಗುಂಪಿನ 700ಕ್ಕೂ ಹೆಚ್ಚು ಜಾತಿಗಳಲ್ಲಿ ಮನುಷ್ಯರಿಗೆ ಅತಿ ಅಪಾಯಕಾರಿ ಕೋನಸ್ ಜಿಯೋಗ್ರಾಫಸ್. 1935ರಲ್ಲಿ ಆಸ್ಟ್ರೇಲಿಯಾದ ಹೇಮನ್ ದ್ವೀಪದಲ್ಲಿ ಒಬ್ಬ ಯುವಕ ಇದರಿಂದಲೇ ಸತ್ತ. ಹಿಂದೂ ಮಹಾಸಾಗರ ಮತ್ತು ಪೆಸಿಫಿಕ್‌ನ ಹವಳ ದಿಬ್ಬಗಳು ಇದರ ನೆಲೆ. ಬೆಳೆದರೆ 15 ಸೆಂ.ಮೀ.ವರೆಗೂ ಬರುತ್ತದೆ. ಗಾತ್ರಕ್ಕೆ ಹೋಲಿಸಿದರೆ ಚಿಪ್ಪು ತೆಳು, ಹಗುರ. ಬಾಯಿ ಅಗಲ, ತಲೆಯ ಸುರುಳಿಯ ಅಂಚಿನಲ್ಲಿ ಸಾಲಾಗಿ ಸಣ್ಣ ಗುಬುಟುಗಳು. ಬಿಳಿ ಅಥವಾ ತೆಳುಗುಲಾಬಿ ಮೈಮೇಲೆ ಕಂದು ಬಣ್ಣದ ಜಾಲ, ನಕ್ಷೆಯಂಥ ಮಚ್ಚೆಗಳು. ಬದುಕಿರುವಾಗ ಮಾತ್ರ ಮೇಲೊಂದು ಮಂಕು ಪೊರೆ ಇರುವುದರಿಂದ ಅಂಗಡಿಯ ಹೊಳಪು ಕಾಣದು. ಚಿತ್ತಾರ ನೋಡಿ ಗುರುತು ಹಿಡಿಯುತ್ತೇನೆಂದರೆ ಮೋಸ ಹೋಗುತ್ತೀರಿ. ಶಂಕುವಿನಾಕಾರದ್ದು ಯಾವುದೇ ಇರಲಿ, ಮುಟ್ಟಬೇಡಿ.

ಖಾಲಿಯೋ ಅಲ್ಲವೋ ಎಂದು ಬಾಯಿಯೊಳಗೆ ಇಣುಕಿ ಹೇಳುವುದೂ ಕಷ್ಟ. ಬೇರೆ ಎಷ್ಟೋ ಶಂಖದ ಹುಳುಗಳು ಒಳಸರಿದಾಗ ಮುಚ್ಚಳ ಹಾಕಿಕೊಳ್ಳುತ್ತವೆ. ಇದರ ಮುಚ್ಚಳ ಉಗುರಿನ ಚೂರಿನಷ್ಟು, ಬಾಯಿ ಮುಚ್ಚಲು ಸಾಲದು. ಹುಳು ಒಳಗೆ ಆಳಕ್ಕೆ ಸರಿದರೆ ಚಿಪ್ಪು ಬರಿದಾದಂತೆ ಕಾಣುತ್ತದೆ.

ಆ ಸೊಂಡಿಲಿನ ತುದಿಯಿಂದ ಚುಚ್ಚುವುದು ಹಲ್ಲು. ವೀಳ್ಯದೆಲೆ ಸುತ್ತಿದ ಹಾಗೆ ಸುರುಳಿಯಾದ ಟೊಳ್ಳು ಈಟಿ, ತುದಿಯಲ್ಲಿ ಗಾಳದಂಥ ಮುಳ್ಳು. ಒಂದು ಹಲ್ಲು ಒಂದೇ ಸಲಕ್ಕೆ, ಹುಳುವಿನ ಮೈಯೊಳಗಿನ ಚೀಲದಲ್ಲಿ ಇನ್ನಷ್ಟು ತಯಾರಿರುತ್ತವೆ. ತೆಳು ಕೈಗವಸು, ಈಜುಬಟ್ಟೆ, ಚೀಲದ ಬಟ್ಟೆ ಇದಕ್ಕೆ ತಡೆಯಲ್ಲ, ಹಾಗಾಗಿ ಜೇಬಿಗಂತೂ ಹಾಕಲೇಬೇಡಿ. ರಾತ್ರಿ ಮೀನು ಹಿಡಿಯುವಾಗ ಈ ಹುಳು ಬಾಯನ್ನು ಬಲೆಯಂತೆ ಅರಳಿಸಿ, ಇನ್ಸುಲಿನ್ ಕೂಡ ಬಿಟ್ಟು ಮೀನಿನ ರಕ್ತದ ಸಕ್ಕರೆ ಇಳಿಸಿ ಮಂಕುಗೊಳಿಸುತ್ತದೆ ಎಂಬುದು 2015ರಲ್ಲಿ ಪ್ರಕಟವಾದ ಸಂಶೋಧನೆ. ಆತ್ಮರಕ್ಷಣೆಯ ವಿಷ ಬೇರೆ, ವಿಷನಾಳದ ಬೇರೆ ಭಾಗದಲ್ಲಿ ತಯಾರಾಗುತ್ತದೆ. ನಾವು ಎತ್ತಿದಾಗ ಮೈಗೆ ಬರುವುದು ಅದು, ನರದಿಂದ ಸ್ನಾಯುವಿಗೆ ಹೋಗುವ ಸಂಕೇತವನ್ನೇ ತಡೆಯುವಂಥದ್ದು.

ಚುಚ್ಚಿದ ನೋವು ಕೆಲವೊಮ್ಮೆ ಅಷ್ಟಾಗಿ ಗೊತ್ತೇ ಆಗದು. ನೋವಿಲ್ಲವೆಂದು ಸುಮ್ಮನಿದ್ದರೆ ಕೆಡುವುದು ಅಲ್ಲೇ. ತುಟಿ ಜೋಮು, ಒಂದೇ ವಸ್ತು ಎರಡಾಗಿ ಕಾಣುವುದು, ರೆಪ್ಪೆ ಜೋಲುವುದು, ಮಾತು ತೊದಲುವುದು, ಆಮೇಲೆ ಉಸಿರಿಗೆ ಕುತ್ತು. ತಕ್ಷಣ ನೀರಿನಿಂದ ಹೊರಗೆ ತಂದು ಮಲಗಿಸಿ. ಅಗಲ ಇಲಾಸ್ಟಿಕ್ ಬ್ಯಾಂಡೇಜನ್ನು ಉಳುಕಿದ ಕಾಲಿಗೆ ಸುತ್ತುವಷ್ಟು ಬಿಗಿಯಾಗಿ ಇಡೀ ಕೈಗೋ ಕಾಲಿಗೋ ಸುತ್ತಿ, ಕೋಲು ಕಟ್ಟಿ ಅಲುಗದಂತೆ ಮಾಡಿ. ಬೆರಳ ತುದಿ ನೀಲಿಯಾದರೆ ಸ್ವಲ್ಪ ಸಡಿಲಿಸಿ. ಹಗ್ಗದಿಂದ ಬಿಗಿದು ರಕ್ತ ನಿಲ್ಲಿಸುವುದು, ಕೊಯ್ಯುವುದು, ಬಾಯಿಂದ ಹೀರುವುದು ಬೇಡ. ನಡೆಸಬೇಡಿ, ಎತ್ತಿಕೊಂಡೇ ಹೋಗಿ. ಉಸಿರು ನಿಂತರೆ ಬಾಯಿಗೆ ಬಾಯಿಟ್ಟು ಊದುತ್ತಲೇ ಇರಿ. ಇದಕ್ಕೆ ಪ್ರತಿವಿಷ ಇಲ್ಲ, ವಿಷ ಇಳಿಯುವವರೆಗೆ ವೆಂಟಿಲೇಟರೇ ಆಧಾರ. ಕಣ್ಣು ಬಿಡಲಾಗದಿದ್ದರೂ ರೋಗಿಗೆ ಎಚ್ಚರ ಇರಬಹುದು, ಕೈ ಹಿಡಿದು ಮಾತಾಡಿಸುತ್ತಿರಿ.

ಇನ್ನು ಮನೆಯ ಷೋಕೇಸಿನಲ್ಲಿರುವ, ಒಳಗೆಲ್ಲ ತೊಳೆದು ಒಣಗಿಸಿದ ಹಳೆಯ ಚಿಪ್ಪಿಗೆ ಹೆದರಬೇಕಿಲ್ಲ, ವಿಷ ಇರುವುದು ಹುಳುವಿನ ಮೈಯಲ್ಲಿ.