ಫೋನಿಗೆ ಬರುವ ತುರ್ತು ಎಚ್ಚರಿಕೆಯ ಸದ್ದು ಇಷ್ಟು ಕರ್ಕಶ ಯಾಕೆ? ಸುಮ್ಮನೆ ಎಸ್ಸೆಮ್ಮೆಸ್ ಕಳಿಸಿದರೆ ಸಾಲದೇ?

"ಸದ್ದು ಬಂದ ಕೂಡಲೇ 'ಸರಿ' ಗುಂಡಿ ಒತ್ತಿ ನಿಲ್ಲಿಸಿಬಿಡ್ತೀನಿ" ಅಂತ ಈ ಪ್ರಶ್ನೆಯ ಜೊತೆ ಬರೆದಿದ್ದೀರಲ್ಲ, ಆ ಸಾಲು ಓದಿ ಎದೆ ಧಸಕ್ ಅಂತು. ನಾನೂ ಅದನ್ನೇ ಮಾಡಿದ್ದೆ.

ರಾತ್ರಿ ಎರಡೂವರೆ ಇರಬಹುದು. ಹೊರಗೆ ಮಳೆ. ಮೂರು ಸಲ ಎದ್ದು ಅತ್ತಿದ್ದ ಮಗು ಆಗಷ್ಟೇ ಮಲಗಿತ್ತು. ಫೋನು ಕಿರುಚಿತು. ಕಣ್ಣು ಬಿಡುವ ಮೊದಲೇ ನನ್ನ ಹೆಬ್ಬೆರಳು ಗುಂಡಿ ಒತ್ತಿಯಾಗಿತ್ತು. ಮಗು ಏಳಲಿಲ್ಲ, ಸದ್ಯ ಅಂದುಕೊಂಡೆ. ಹಿಂದಿನ ವಾರ ಬಂದದ್ದು ವ್ಯವಸ್ಥೆ ಕೆಲಸ ಮಾಡುತ್ತಾ ಅಂತ ನೋಡಲು ಕಳಿಸಿದ ಪರೀಕ್ಷಾ ಸಂದೇಶ, ಇದೂ ಅದೇ ಇರಬೇಕು ಅಂತ ಮಗ್ಗುಲಾದೆ.

ನಿದ್ದೆ ಹತ್ತಲಿಲ್ಲ. ಅಪರಾತ್ರಿಯಲ್ಲಿ ಯಾರು ಪರೀಕ್ಷೆ ಮಾಡ್ತಾರೆ? ಎಸ್ಸೆಮ್ಮೆಸ್ ತೆರೆದು ನೋಡಿದೆ, ಏನೂ ಇಲ್ಲ. ಮುಖ್ಯವಾದದ್ದಾದರೆ ಮತ್ತೆ ಹೊಡೆದುಕೊಳ್ಳುತ್ತೆ ಬಿಡು ಅಂತ ಕಾಯುತ್ತಾ ಮಲಗಿದೆ. ನನ್ನ ತಪ್ಪು ಇದೇ. ಸ್ವಲ್ಪ ಬಿಡಿಸಿಯೇ ಹೇಳ್ತೀನಿ, ಬೇಜಾರಾದರೂ ಓದಿ.

ಈ ಎಚ್ಚರಿಕೆ ಎಸ್ಸೆಮ್ಮೆಸ್ ಅಲ್ಲವೇ ಅಲ್ಲ. ಇದರ ಹೆಸರು ಸೆಲ್ ಬ್ರಾಡ್‌ಕಾಸ್ಟ್. ಡಂಗುರ ಹೊಡೆಯುವವನಿಗೆ ಯಾವ ಮನೆಯಲ್ಲಿ ಯಾರಿದ್ದಾರೆ ಅಂತ ಗೊತ್ತಿರಬೇಕಾಗಿಲ್ಲ; ಬೀದಿಯಲ್ಲಿ ನಿಂತು ಸಾರಿದರಾಯಿತು. ಮೊಬೈಲ್ ಟವರ್ ಮಾಡುವುದೂ ಅದನ್ನೇ. ಅದಕ್ಕೆ ನಿಮ್ಮ ನಂಬರೂ ಬೇಡ, ಹೆಸರೂ ಬೇಡ. ಒಂದೇ ಸಂದೇಶವನ್ನು ಆಗಾಗ ಸಾರುತ್ತಲೇ ಇರುತ್ತೆ. ಆದರೆ ಪ್ರತಿ ಸಂದೇಶಕ್ಕೂ ಒಂದು ಕ್ರಮಸಂಖ್ಯೆ ಇರುತ್ತೆ. ಅದೇ ಸಂಖ್ಯೆ ಎರಡನೇ ಸಲ ಬಂದರೆ ಫೋನು "ಇದನ್ನು ಆಗಲೇ ತೋರಿಸಿದ್ದೀನಿ" ಅಂತ ಸುಮ್ಮನಾಗುತ್ತೆ. ಅಂದರೆ ನಾನು ಕಾಯುತ್ತಿದ್ದ ಎರಡನೇ ಸದ್ದು ಬರುವ ಹಾಗೇ ಇರಲಿಲ್ಲ. ಟವರ್ ಕೂಗುತ್ತಲೇ ಇತ್ತು, ನನ್ನ ಫೋನು ಮರ್ಯಾದೆಯಿಂದ ಬಾಯಿ ಮುಚ್ಚಿಕೊಂಡಿತ್ತು.

ಆಮೇಲೆ ಅಣ್ಣನಿಗೆ ಫೋನ್ ಮಾಡಿದೆ, ಲೈನ್ ಸಿಗಲಿಲ್ಲ. ಮನೆಯವರ ಗ್ರೂಪಿನಲ್ಲಿ ಕೇಳಿದೆ, ಉತ್ತರವಿಲ್ಲ. ಇಪ್ಪತ್ತೈದು ನಿಮಿಷ ಹೀಗೇ ಹೋಯಿತು. ಪಕ್ಕದ ಕೋಣೆಯಲ್ಲಿದ್ದ ಅತ್ತೆಗೆ ರಾತ್ರಿ ಫೋನ್ ಆಫ್ ಮಾಡಿಡುವ ಅಭ್ಯಾಸ. ಗಂಟೆ ಎಷ್ಟಾಯಿತು ಅಂತ ನೋಡಲು ಅವರು ಆನ್ ಮಾಡಿದ್ದೇ ತಡ, ಅದು ಕಿರುಚಿಕೊಂಡಿತು. ಆ ಫೋನಿಗೆ ಸಂದೇಶ ಹೊಸದು. ಹೊಳೆ ಉಕ್ಕುತ್ತಿದೆ, ತಗ್ಗಿನಲ್ಲಿರುವವರು ಕೂಡಲೇ ಎತ್ತರಕ್ಕೆ ಹೋಗಿ ಅಂತ ಇತ್ತು.

ಬಾಗಿಲು ತೆಗೆದಾಗ ನೀರು ಮೊಣಕಾಲಿಗೆ. ಎಲ್ಲರೂ ಹೊರಬಂದೆವು, ನಿಜ. ಅತ್ತೆಯ ಔಷಧಿ ಡಬ್ಬಿ ಒಳಗೇ ಉಳಿಯಿತು. ಮುಂದಿನ ಎರಡು ದಿನ ಇನ್ಸುಲಿನ್‌ಗಾಗಿ ನಾವು ಪಟ್ಟ ಪಾಡು ನನ್ನ ಹೆಬ್ಬೆರಳಿನ ಲೆಕ್ಕಕ್ಕೇ ಸೇರಬೇಕು.

ನಿಮ್ಮ ಪ್ರಶ್ನೆಗೆ ಬರ್ತೀನಿ. ಕರ್ಕಶವಾಗಿರಲಿ ಅಂತಲೇ ಹಾಗೆ ಮಾಡಿದ್ದಾರೆ. ಅಮೆರಿಕದಲ್ಲಿ 853 ಮತ್ತು 960 ಹರ್ಟ್ಸ್‌ನ ಎರಡು ಸ್ವರಗಳನ್ನು ಒಟ್ಟಿಗೆ ನುಡಿಸುತ್ತಾರೆ, ಒಂದಕ್ಕೊಂದು ಹೊಂದುವುದೇ ಇಲ್ಲ. ಇಂಪಾಗಿದ್ದರೆ ರಿಂಗ್‌ಟೋನ್ ಅಂತ ಮಲಗಿಬಿಡ್ತೀವಿ. ಎಸ್ಸೆಮ್ಮೆಸ್ ಅಂತೂ ಬೇಡವೇ ಬೇಡ. ಅದು ಒಂದೊಂದೇ ನಂಬರಿಗೆ ಸರದಿಯಲ್ಲಿ ಹೋಗುತ್ತೆ. ಊರೆಲ್ಲ ಒಟ್ಟಿಗೆ ಫೋನ್ ಹಿಡಿದಾಗ ಆ ಸರದಿ ಕರಗೋದು ಯಾವಾಗ? ಆ್ಯಪ್ ಸಾಕು ಅನ್ನುವವರೂ ಇದ್ದಾರೆ. ಜರ್ಮನಿಯವರು 2020ರ ಸೆಪ್ಟೆಂಬರ್ 10ರಂದು ದೇಶವ್ಯಾಪಿ ಪರೀಕ್ಷೆ ಮಾಡಿದಾಗ ಆ್ಯಪ್‌ಗಳ ಎಚ್ಚರಿಕೆ ತಡವಾಗಿ ಬಂತು. 2021ರ ಜುಲೈ ಪ್ರವಾಹದಲ್ಲಿ 180ಕ್ಕೂ ಹೆಚ್ಚು ಜನ ಸತ್ತ ಮೇಲೆ ಅವರೂ ಸೆಲ್ ಬ್ರಾಡ್‌ಕಾಸ್ಟ್‌ಗೆ ಬಂದರು.

ಸುಳ್ಳು ಎಚ್ಚರಿಕೆ ಬಂದರೆ ಅಂತ ಯಾರಾದರೂ ಕೇಳೇ ಕೇಳ್ತೀರಿ. 2018ರ ಜನವರಿ 13ರಂದು ಹವಾಯಿಯಲ್ಲಿ ಕ್ಷಿಪಣಿ ಬರುತ್ತಿದೆ ಅಂತ ಬಂದಿತ್ತು. ಅದು ಸುಳ್ಳು ಅನ್ನುವ ಸಂದೇಶ ಫೋನುಗಳಿಗೆ ಬರಲು 38 ನಿಮಿಷ ಹಿಡಿಯಿತು. ಅದು ಕಳಿಸಿದವರ ತಪ್ಪು, ಸದ್ದಿನದ್ದಲ್ಲ.

ಪರೀಕ್ಷಾ ಸಂದೇಶ ನಿಜಕ್ಕೂ ಕಾಟ ಅನ್ನಿಸಿದರೆ, ನಿಮ್ಮ ಫೋನಿನಲ್ಲಿ ಅದಕ್ಕೆ ಬೇರೆ ಸ್ವಿಚ್ ಇದ್ದರೆ ಅದೊಂದನ್ನೇ ಆಫ್ ಮಾಡಿ. ಮಿಕ್ಕವನ್ನು ಮುಟ್ಟಬೇಡಿ. ಏರೋಪ್ಲೇನ್ ಮೋಡ್‌ನಲ್ಲಿ ಮಲಗುವವರಿಗೆ ಏನೂ ಕೇಳಿಸಲ್ಲ, ಅದೂ ನೆನಪಿರಲಿ. ಗುಂಡಿ ಒತ್ತುವ ಮುಂಚೆ ಓದಿ, ಮಗು ಎದ್ದರೆ ಏಳಲಿ. ಇವತ್ತೇ ಸೆಟ್ಟಿಂಗ್ಸ್‌ನಲ್ಲಿ ತುರ್ತು ಎಚ್ಚರಿಕೆ ಅಂತ ಹುಡುಕಿ, ಹಳೆಯ ಸಂದೇಶಗಳು ನಿಮ್ಮ ಫೋನಿನಲ್ಲಿ ಎಲ್ಲಿ ಉಳಿಯುತ್ತವೆ ನೋಡಿಟ್ಟುಕೊಳ್ಳಿ. ನನಗೆ ಆ ಜಾಗ ಸಿಕ್ಕಿದ್ದು ಮೂರು ವಾರ ಕಳೆದ ಮೇಲೆ. ಆ ರಾತ್ರಿಯ ಸಂದೇಶ ಅಷ್ಟೂ ದಿನ ಅಲ್ಲೇ ಇತ್ತು.